ಯಾವ ಮದ್ದೂರಿನ ಗೇಟು?

ಪ್ರಶ್ನೆ: ಜುಲೈನಲ್ಲಿ ಅಮ್ಮ, ಹೆಂಡತಿ, ಇಬ್ಬರು ಮಕ್ಕಳ ಜೊತೆ ಕಾರಿನಲ್ಲಿ ಊಟಿಗೆ ಹೊರಟಿದ್ದೇವೆ. ಅಂಗಡಿ ಮುಚ್ಚಿ ರಾತ್ರಿ ಎಂಟಕ್ಕೆ ಬಿಟ್ಟರೆ ರಸ್ತೆ ಖಾಲಿ ಸಿಗುತ್ತೆ ಅಂತ ನನ್ನ ಲೆಕ್ಕ. ನಮ್ಮ ಭಾವ ಮಾತ್ರ ‘ಮದ್ದೂರು ಗೇಟು ಒಂಬತ್ತಕ್ಕೆ ಮುಚ್ಚುತ್ತೆ’ ಅಂತಾರೆ. ನಾನು ಹುಟ್ಟಿ ಬೆಳೆದದ್ದೇ ಮದ್ದೂರು, ಅಂಥ ಗೇಟು ನೋಡಿಲ್ಲ. ದಾರಿ ಹೇಗೆ, ತಿಳಿಸಿ.
— ಓದುಗರು, ಮದ್ದೂರು, ಮಂಡ್ಯ ಜಿಲ್ಲೆ

ಉತ್ತರ: ನಿಮ್ಮ ಭಾವ ಹೇಳಿದ್ದು ಅರ್ಧ ಸರಿ. ಅವರು ಹೇಳಿದ ಮದ್ದೂರು ನಿಮ್ಮ ವಡೆ ಮದ್ದೂರಲ್ಲ, ಗುಂಡ್ಲುಪೇಟೆ ತಾಲ್ಲೂಕಿನದು. ಗುಂಡ್ಲುಪೇಟೆಯಲ್ಲಿ ರಸ್ತೆ ಕವಲಾಗುತ್ತೆ. ಬಲಕ್ಕೆ ಹೋದರೆ ಸುಲ್ತಾನ್ ಬತ್ತೇರಿ, ಕೋಳಿಕ್ಕೋಡ್. ಮದ್ದೂರು ಚೆಕ್‌ಪೋಸ್ಟ್ ಇರೋದು ಆ ದಾರಿಯಲ್ಲಿ. ನೀವು ಹೋಗಬೇಕಾದ್ದು ನೇರ, ಹಂಗಳದ ಮೇಲೆ ಬಂಡೀಪುರಕ್ಕೆ. ನಿಮಗೆ ಸಿಗೋದು ಮೇಲುಕಾಮನಹಳ್ಳಿ ಗೇಟು. ಊರು ಬೇರೆಯಾದರೂ ಹೊತ್ತು ಮಾತ್ರ ಒಂದೇ: ರಾತ್ರಿ ಒಂಬತ್ತರಿಂದ ಬೆಳಿಗ್ಗೆ ಆರರವರೆಗೆ ಬಂದ್. ಎಂಟಕ್ಕೆ ಮದ್ದೂರು ಬಿಟ್ಟರೆ ಒಂಬತ್ತಕ್ಕೆ ನೀವಿನ್ನೂ ಮೈಸೂರಿನ ಸಿಗ್ನಲ್‌ನಲ್ಲಿ ನಿಂತಿರುತ್ತೀರಿ.

ಈ ದಾರಿಯಲ್ಲಿ ಇಪ್ಪತ್ತು ವರ್ಷಕ್ಕೂ ಮೇಲೆ ಬಸ್ಸು ಓಡಿಸಿದವನು ನಾನು. 2009ಕ್ಕೆ ಮುಂಚೆ ರಾತ್ರಿಯೆಲ್ಲ ಲಾರಿ ಸಾಲು. ಲೈಟು ಕಣ್ಣಿಗೆ ಬಿದ್ದರೆ ಕಡವೆ ನಿಂತಲ್ಲೇ ನಿಂತುಬಿಡುತ್ತೆ, ಓಡಲ್ಲ. ಬೆಳಗಿನ ಮೊದಲ ಟ್ರಿಪ್ಪಿನಲ್ಲಿ ರಸ್ತೆ ಬದಿ ಸತ್ತು ಬಿದ್ದದ್ದನ್ನು ಎಷ್ಟು ಸಲ ಕಂಡೆನೋ. 2009ರಲ್ಲಿ ಚಾಮರಾಜನಗರ ಜಿಲ್ಲಾಡಳಿತ ರಾತ್ರಿ ಸಂಚಾರ ನಿಲ್ಲಿಸಿತು, 2010ರ ಮಾರ್ಚ್‌ನಲ್ಲಿ ಹೈಕೋರ್ಟೂ ಅದನ್ನು ಎತ್ತಿಹಿಡಿಯಿತು. ಆಂಬುಲೆನ್ಸ್‌ನಂಥ ತುರ್ತು ಗಾಡಿಗಳಿಗೆ, ಬೆರಳೆಣಿಕೆಯ ಸರ್ಕಾರಿ ಬಸ್ಸುಗಳಿಗೆ ಬಿಟ್ಟರೆ ಬೇರೆ ಯಾರಿಗೂ ವಿನಾಯಿತಿ ಇಲ್ಲ. ವಯನಾಡಿನವರಿಗೆ ಇದರಿಂದ ಕಷ್ಟವಿದೆ, ಸುಳ್ಳಲ್ಲ. ಅವರಿಗೆ ಹುಣಸೂರು, ಗೋಣಿಕೊಪ್ಪ, ಕುಟ್ಟದ ಸುತ್ತುದಾರಿ ಇದೆ. ನಿಮಗೆ ಅದರಿಂದ ಪ್ರಯೋಜನವಿಲ್ಲ. ಚಾಮರಾಜನಗರದಿಂದ ದಿಂಬಂ ಘಾಟಿ ಇಳಿದು ಸುತ್ತಿ ಹೋಗೋಣ ಅಂದರೆ ಅಲ್ಲೂ ರಾತ್ರಿ ನಿರ್ಬಂಧ ಇದೆ.

ನಾನೂ ಒಮ್ಮೆ ಪೆಟ್ಟು ತಿಂದವನೇ. ಬೇಗೂರಲ್ಲಿ ಟೀ ಕುಡೀತಾ ಕೂತು ಗೇಟಿಗೆ ಹೋದಾಗ ಒಂಬತ್ತೂ ಹತ್ತು. ನನ್ನದು ರಾತ್ರಿ ಅನುಮತಿ ಇದ್ದ ಗಾಡಿಯಲ್ಲ. ಗಾರ್ಡು ನನ್ನ ಪರಿಚಯದವನೇ, ಆದರೂ ಕೈ ಅಡ್ಡ ಆಡಿಸಿದ. ಗುಂಡ್ಲುಪೇಟೆ ಸ್ಟ್ಯಾಂಡಿಗೆ ವಾಪಸ್ ಬಂದು ಬಸ್ಸಲ್ಲೇ ಮಲಗಿದೆವು. ಪ್ಯಾಸೆಂಜರುಗಳು ಬೆಳಗಿನ ತನಕ ಬೈದದ್ದು ಕಂಡಕ್ಟರನ್ನ. ಟೀ ಆಸೆ ನನ್ನದಾಗಿತ್ತು.

ಅದಕ್ಕೇ ಬೆಳಿಗ್ಗೆ ಐದಕ್ಕೆ ಬಿಡಿ. ಮೈಸೂರು ದಾಟಿ ನಂಜನಗೂಡಿಗೆ ಬರುವಾಗ ಬೆಳಕು ಹರಿದಿರುತ್ತೆ. ಅಲ್ಲಿ ಕಬಿನಿಯ ಮೇಲೆ 1735ರ ಹಳೇ ಕಲ್ಲು ಸೇತುವೆ ಇದೆ, ಮಕ್ಕಳಿಗೆ ತೋರಿಸಿ. ನಂಜನಗೂಡಿನವರೆಗೆ ನಿಮಗೆ ಹೊಸದೇನೂ ಕಾಣಲ್ಲ, ನಿಮ್ಮ ಕಡೆಯಂತೆಯೇ ನಾಲೆ, ಗದ್ದೆ. ಬೇಗೂರಿನಿಂದಾಚೆ ನಾಲೆ ಇಲ್ಲ. ಮಳೆ, ಬೋರ್‌ವೆಲ್ಲು ನಂಬಿದ ಹೊಲಗಳು. ಅರಿಶಿನ, ಈರುಳ್ಳಿ, ಟೊಮೆಟೊ. ಜುಲೈ ಅಂದಿರಲ್ಲ, ಗುಂಡ್ಲುಪೇಟೆ ಸುತ್ತ ಸೂರ್ಯಕಾಂತಿ, ಚೆಂಡುಹೂ ಅರಳಿರುತ್ತೆ. ಫೋಟೊಗೆ ಹೊಲದೊಳಗೆ ಇಳಿಯೋದಾದರೆ ಯಜಮಾನರನ್ನು ಕೇಳಿ ಇಳಿಯಿರಿ. ತುಳಿದ ಗಿಡ ಮತ್ತೆ ಏಳಲ್ಲ, ಅದು ನಿಮಗೆ ನಾನು ಹೇಳಬೇಕಾಗಿಲ್ಲ.

ಹಂಗಳ ದಾಟಿದ ಮೇಲೆ ನೋಡಿ, ಹೊಲ ಮುಗಿದು ಕಾಡು ಶುರುವಾಗೋಕೆ ನಡುವೆ ಬಯಲಿಲ್ಲ. ಈ ಕಡೆ ಮುಸುಕಿನ ಜೋಳ, ಆ ಕಡೆ ತೇಗ. ನಡುವೆ ಒಂದು ಆನೆ ಕಂದಕ, ಸೋಲಾರ್ ಬೇಲಿ. ಮರದ ಮೇಲೊಂದು ಅಟ್ಟಣೆ ಕಂಡರೆ ಅದು ಆಟದ ಮನೆ ಅಂದುಕೊಳ್ಳಬೇಡಿ. ರಾತ್ರಿಯೆಲ್ಲ ಟಾರ್ಚು, ಪಟಾಕಿ ಇಟ್ಟುಕೊಂಡು ಫಸಲು ಕಾಯುವವರ ಜಾಗ ಅದು. ನಮ್ಮ ಗಾಡಿಗೆ ಗೇಟು ಮುಚ್ಚುತ್ತೆ, ಅವರಿಗೆ ಡ್ಯೂಟಿ ಶುರುವಾಗೋದೇ ಆಗ.

ಗೇಟು ದಾಟಿದರೆ ಸಾಲು ಸಾಲು ಹಂಪು. ಬೈಕೊಳ್ಳದೆ ಎರಡನೇ ಗೇರಲ್ಲಿ ಹೋಗಿ. ನಿಲ್ಲಿಸೋ ಹಾಗಿಲ್ಲ, ಇಳಿಯೋ ಹಾಗಿಲ್ಲ, ಕೋತಿಗೆ ಬಿಸ್ಕತ್ತು ಎಸೆಯೋ ಹಾಗಿಲ್ಲ. ಹಾಗಾಗಿ ಅಮ್ಮನವರನ್ನು ಗುಂಡ್ಲುಪೇಟೆಯಲ್ಲೇ ಒಮ್ಮೆ ಇಳಿಸಿ, ಶೌಚಕ್ಕೆ ಹೋಗಿಬರಲಿ. ಕೆಕ್ಕನಹಳ್ಳದಲ್ಲಿ ತಮಿಳುನಾಡು, ಮುಂದೆ ತೆಪ್ಪಕಾಡು. ಅಲ್ಲಿ ಎಡಕ್ಕೆ ಮಸಿನಗುಡಿ, ಕಲ್ಲಟ್ಟಿಯ 36 ತಿರುವು. ಹತ್ತಿರದ ದಾರಿ ಅಂತ ಹೇಳುವವರು ಹೇಳಲಿ, ಮಳೆಗಾಲದಲ್ಲಿ ಸಂಸಾರ ಕೂರಿಸಿಕೊಂಡು ಬೇಡ. ಬಲಕ್ಕೆ ಗೂಡಲೂರು ಹಿಡಿಯಿರಿ. ಅಲ್ಲಿಂದ ತೇಗ ಹೋಗಿ ಟೀ ತೋಟ ಬರುತ್ತೆ, ಮಳೆಯೂ ಜೋರಾಗುತ್ತೆ.

ಪ್ರಶ್ನೆ: ಕಾಡಿನ ರಸ್ತೆಯಲ್ಲಿ ಆನೆ ಅಡ್ಡ ನಿಂತರೆ ಹಾರ್ನ್ ಮಾಡಬಹುದೇ?
— ಓದುಗರು, ಕುವೆಂಪುನಗರ, ಮೈಸೂರು

ಉತ್ತರ: ಬೇಡ. ದೂರದಲ್ಲೇ ನಿಲ್ಲಿಸಿ, ಎಂಜಿನ್ ಆಫ್ ಮಾಡಬೇಡಿ, ಹಿಂದೆ ಬರೋ ಗಾಡಿಗೆ ಅಂಟಿಕೊಳ್ಳದಂತೆ ಕೈಸನ್ನೆ ಮಾಡಿ. ಮರಿ ಜೊತೆಗಿದ್ದರೆ ಇನ್ನಷ್ಟು ಹಿಂದಕ್ಕೆ ಸರಿಯಿರಿ. ನನ್ನ ಸರ್ವಿಸಿನಲ್ಲಿ ಕಾಲು ಗಂಟೆಗಿಂತ ಹೆಚ್ಚು ನಿಂತ ಆನೆ ಒಂದೇ. ಸತ್ಯಮಂಗಲದ ರಸ್ತೆಯಲ್ಲಿ ಕಬ್ಬಿನ ಲಾರಿ ತಡೆಯುವ ಆನೆಗಳ ಕತೆಯೇ ಬೇರೆ. ಅವಕ್ಕೆ ಹಾರ್ನ್ ಅಂದರೆ ಊಟದ ಗಂಟೆ.

ಮದ್ದೂರಿನವರಿಗೆ ಒಂದು ಬಿಟ್ಟೆ: ನೀಲಗಿರಿಗೆ ಈಗ ಇ-ಪಾಸ್ ಬೇಕು, ಹೊರಡುವ ಮುಂಚೆಯೇ ಮೊಬೈಲಲ್ಲಿ ಮಾಡಿಸಿಕೊಳ್ಳಿ. ಪ್ಲಾಸ್ಟಿಕ್ ನೀರಿನ ಬಾಟಲಿಯನ್ನೂ ಬಿಡಲ್ಲ, ಸ್ಟೀಲಿನದು ತಗೊಳ್ಳಿ. ವಾಪಸ್ ಬರುವಾಗ ಊಟಿಯನ್ನು ಸಂಜೆ ನಾಲ್ಕಕ್ಕೆ ಬಿಡಿ. ಬೇಗೂರಲ್ಲಿ ಟೀ ಚೆನ್ನಾಗಿರುತ್ತೆ, ಆಗ ಎಷ್ಟು ಹೊತ್ತು ಬೇಕಾದರೂ ಕೂರಬಹುದು.