ಪೆಗ್ಗಿ ಗೂ ಯಾರು, ಡಿಜೆ ಆಗಿ ಇಷ್ಟು ಫೇಮಸ್ ಆಗಿದ್ದು ಹೇಗೆ?

1991ರಲ್ಲಿ ದಕ್ಷಿಣ ಕೊರಿಯಾದ ಇಂಚಿಯಾನ್‌ನಲ್ಲಿ ಹುಟ್ಟಿದ್ದು, ಹದಿಹರೆಯದಲ್ಲೇ ಓದೋಕೆ ಲಂಡನ್‌ಗೆ ಬಂದ್ರು, ಕಾಲೇಜಲ್ಲಿ ಓದಿದ್ದು ಫ್ಯಾಷನ್, ಆದ್ರೆ ಮನಸ್ಸೆಲ್ಲಾ ಮ್ಯೂಸಿಕ್ ಕಡೆ. ಆಮೇಲೆ ಬರ್ಲಿನ್‌ಗೆ ಹೋಗಿ ರೆಕಾರ್ಡ್ ಅಂಗಡೀಲಿ ಕೆಲಸ ಮಾಡಿದ್ರು.

ನನ್ ಪ್ರಕಾರ ಟರ್ನಿಂಗ್ ಪಾಯಿಂಟ್ ಅಂದ್ರೆ 2018ರ 'ಇಟ್ ಮೇಕ್ಸ್ ಯು ಫರ್ಗೆಟ್' ಹಾಡು, ಹೌಸ್ (ಒಂಥರಾ ಎಲೆಕ್ಟ್ರಾನಿಕ್ ಡ್ಯಾನ್ಸ್ ಮ್ಯೂಸಿಕ್) ಬೀಟ್ ಮೇಲೆ ಕೊರಿಯನ್ ಭಾಷೇಲಿ ಆರಾಮಾಗಿ, ಅರ್ಧ ಮಾತಾಡ್ದಂಗೆ ಹಾಡ್ತಾರೆ, ಭಾಷೆ ಗೊತ್ತಿಲ್ದೋರೂ ಕುಣಿದ್ರು. 2019ರಲ್ಲಿ ಸ್ವಂತ ಲೇಬಲ್ (ಹಾಡು ಬಿಡುಗಡೆ ಮಾಡೋ ಕಂಪನಿ) ಗುಡು ರೆಕಾರ್ಡ್ಸ್ ಶುರು ಮಾಡಿದ್ರು. 2023ರಲ್ಲಿ 90ರ ದಶಕದ ಡ್ಯಾನ್ಸ್ ಸ್ಟೈಲಿನ 'ನಾನಾನಾ' ಹಾಡು ಎಲ್ಲಾ ಕಡೆ ಹಿಟ್ ಆಯ್ತು (ರೀಲ್ಸ್ ನೋಡೋರು ಕೇಳೇ ಇರ್ತೀರ), ಮೊದಲ ಆಲ್ಬಂ 'ಐ ಹಿಯರ್ ಯು' ಬಂದಿದ್ದು ಮಾತ್ರ 2024ರಲ್ಲಿ. ಬರೀ ಇನ್‌ಸ್ಟಾಗ್ರಾಮ್ ಸ್ಟಾರ್ ಅಂತ ಆಡ್ಕೊಳ್ಳೋರು ಅವ್ರ ಹಳೇ ಟ್ರ್ಯಾಕ್‌ಗಳನ್ನ ಕೇಳಿರಲ್ಲ ಬಿಡಿ.