ಕಿತ್ತಳೆ ಅಂಗಿ ಯಾಕಮ್ಮಾ?

ಕೆನಡಾದ ಬ್ರಾಂಪ್ಟನ್‌ನಿಂದ ಓದುಗರೊಬ್ಬರು ಬರೆದಿದ್ದಾರೆ: ‘ಸೆಪ್ಟೆಂಬರ್ 30ಕ್ಕೆ ಮಗಳಿಗೆ ಕಿತ್ತಳೆ ಬಣ್ಣದ ಅಂಗಿ ಹಾಕಿ ಕಳಿಸಿ ಎಂದು ಶಾಲೆಯಿಂದ ಚೀಟಿ ಬಂದಿದೆ. ಅವಳಿಗೆ ಆರು ವರ್ಷ. ಯಾಕಮ್ಮಾ ಎನ್ನುತ್ತಾಳೆ. ಇಷ್ಟು ಚಿಕ್ಕವಳಿಗೆ ಆ ಕಥೆ ಹೇಳಬಹುದೇ? ಕನ್ನಡದಲ್ಲಿ ಹೇಗೆ ಹೇಳಲಿ?’

ಸಂಪಾದಕರ ಉತ್ತರ:

ಹೇಳಬಹುದು. ಈ ಕಥೆ ಕೆನಡಾದ ಮೂಲನಿವಾಸಿ ಮಹಿಳೆ ಫಿಲಿಸ್ ವೆಬ್‌ಸ್ಟಾಡ್ ಅವರದು. ಅವರಿಗೂ ಆಗ ಆರೇ ವರ್ಷ. 1973ರಲ್ಲಿ ಬ್ರಿಟಿಷ್ ಕೊಲಂಬಿಯಾದ ಸೇಂಟ್ ಜೋಸೆಫ್ಸ್ ಮಿಷನ್ ಶಾಲೆಗೆ ಹೋದ ಮೊದಲ ದಿನವೇ, ಅಜ್ಜಿ ಕೊಡಿಸಿದ್ದ ಹೊಸ ಕಿತ್ತಳೆ ಅಂಗಿಯನ್ನು ಅಲ್ಲಿಯವರು ಕಿತ್ತುಕೊಂಡರು. ಮತ್ತೆ ಕೊಡಲಿಲ್ಲ. ಅದರ ನೆನಪಿಗೇ ಸೆಪ್ಟೆಂಬರ್ 30ರಂದು ಕಿತ್ತಳೆ ಅಂಗಿ ತೊಡುವುದು. ಮಗಳ ‘ಯಾಕೆ’ಗೆ ಸದ್ಯಕ್ಕೆ ಇಷ್ಟು ಸಾಕು. ಹೊಡೆತ, ಸಾವಿನ ವಿವರಗಳಿಗೆ ಅವಳು ಇನ್ನಷ್ಟು ಬೆಳೆಯಲಿ.

ಕನ್ನಡದಲ್ಲಿ ಹೇಳುವಾಗ ಎಡವುವುದು ‘ವಸತಿ ಶಾಲೆ’ ಎಂಬ ಮಾತಿನಲ್ಲಿ. ನಮಗೆ ಅದು ಮೊರಾರ್ಜಿ ದೇಸಾಯಿ ವಸತಿ ಶಾಲೆ, ಸೀಟು ಸಿಕ್ಕರೆ ಮನೆಮಂದಿಗೆಲ್ಲ ಖುಷಿ. ಕೆನಡಾದಲ್ಲಿ ಅದು ಮೂಲನಿವಾಸಿ ಮಕ್ಕಳಿಂದ ಅವರ ಭಾಷೆ, ಮನೆತನ ಬಿಡಿಸಲು ಕಟ್ಟಿದ ವ್ಯವಸ್ಥೆ. 1920ರಲ್ಲಿ ಹಾಜರಿಯನ್ನು ಕಾನೂನಿನಿಂದಲೇ ಕಡ್ಡಾಯ ಮಾಡಿದರು. ಒಟ್ಟು ಸುಮಾರು 1,50,000 ಮಕ್ಕಳು ಅಲ್ಲಿಗೆ ಹೋದರು. ಆದ್ದರಿಂದ ‘ಅಪ್ಪ ಅಮ್ಮನಿಂದ ಬಿಡಿಸಿ ಒಯ್ಯುತ್ತಿದ್ದ ಶಾಲೆ’ ಎಂದೇ ಹೇಳಿ. ‘ರೆಡ್ ಇಂಡಿಯನ್’ ಎಂಬ ಹಳೆಯ ಮಾತು ಬೇಡವೇ ಬೇಡ. ಕ್ರೀ, ಅನಿಶಿನಾಬೆ, ಇನುಯಿಟ್ ಎಂದು ಆಯಾ ಜನರ ಹೆಸರು ಹಿಡಿದು ಹೇಳಿ. ‘ಇದ್ದರು’ ಎನ್ನಬೇಡಿ, ‘ಇದ್ದಾರೆ’ ಎನ್ನಿ.

ಪುಸ್ತಕಕ್ಕೆ ಬಂದರೆ, ಈ ವಯಸ್ಸಿಗೆ ನಮ್ಮ ಮೊದಲ ಆಯ್ಕೆ ‘ವೆನ್ ವಿ ವರ್ ಅಲೋನ್’ (2016). ಬರೆದವರು ಡೇವಿಡ್ ರಾಬರ್ಟ್‌ಸನ್, ಚಿತ್ರ ಜೂಲಿ ಫ್ಲೆಟ್ ಅವರದು. ಇಬ್ಬರೂ ಆ ಸಮುದಾಯಗಳವರೇ. ತೋಟದಲ್ಲಿ ಮೊಮ್ಮಗಳು ಕೇಳುತ್ತಾಳೆ: ಅಜ್ಜಿ, ಇಷ್ಟೊಂದು ಬಣ್ಣದ ಬಟ್ಟೆ ಯಾಕೆ? ಕೂದಲು ಇಷ್ಟುದ್ದ ಯಾಕೆ? ಕ್ರೀ ಯಾಕೆ ಮಾತಾಡ್ತೀ? ಪ್ರತಿ ಉತ್ತರದಲ್ಲೂ ಶಾಲೆ ಏನು ಕಸಿಯಿತು ಎಂಬುದರ ಬೆನ್ನಿಗೇ, ಒಂಟಿಯಾಗಿದ್ದಾಗ ಮಕ್ಕಳು ಅದನ್ನು ಹೇಗೆ ಉಳಿಸಿಕೊಂಡರು ಎಂಬುದೂ ಬರುತ್ತದೆ: ಬಟ್ಟೆಯ ಮೇಲೆ ಬಣ್ಣದ ಎಲೆ, ಕತ್ತರಿಸಿದ ಕೂದಲಿಗೆ ಹುಲ್ಲಿನ ಜಡೆ, ಪಿಸುದನಿಯಲ್ಲಿ ಕ್ರೀ ಮಾತು. ಗಾಯವನ್ನು ಮುಚ್ಚಿಡದೆಯೇ ಮಗುವಿಗೆ ಧೈರ್ಯ ಕೊಡುವ ಕಟ್ಟು ಇದು. ಮನೆಯಲ್ಲಿ ಕನ್ನಡ, ಹೊರಗೆ ಇಂಗ್ಲಿಷ್ ಆಡುವ ನಿಮ್ಮ ಮಗಳಿಗೆ ಆ ಪಿಸುಮಾತು ತಟ್ಟನೆ ಅರ್ಥವಾದೀತು.

ಮೊದಲು ನೀವೊಬ್ಬರೇ ಓದಿಕೊಳ್ಳಿ. ಗಂಟಲು ಕಟ್ಟುವ ಪುಟ ಯಾವುದೆಂದು ಮೊದಲೇ ತಿಳಿದಿರಬೇಕು, ಇಲ್ಲದಿದ್ದರೆ ಮಗು ಕಥೆ ಬಿಟ್ಟು ನಿಮ್ಮ ಮುಖವನ್ನೇ ನೋಡುತ್ತದೆ. ಮಲಗುವ ಹೊತ್ತಿಗೆ ಬೇಡ, ಹಗಲಲ್ಲಿ ಓದಿ. ಅಜ್ಜಿಗೆ ಕ್ರೀಯಲ್ಲಿರುವ ‘ನೋಕೊಮ್’ ಎಂಬ ಪದವನ್ನು ಹಾಗೆಯೇ ಉಳಿಸಿ. ‘ನಿನ್ನನ್ನೇ ಎತ್ಕೊಂಡು ಹೋದ್ರೆ?’ ಎಂದು ಮಾತ್ರ ಕೇಳಬೇಡಿ, ಅದು ಭಯ ಹುಟ್ಟಿಸುತ್ತದೆಯೇ ಹೊರತು ಕರುಣೆಯನ್ನಲ್ಲ. ಬದಲಿಗೆ ‘ಅಜ್ಜಿ ಏನೇನು ಉಳಿಸಿಕೊಂಡಳು?’ ಎಂದು ಕೇಳಿ. ಓದಿದ ಮೇಲೆ ಕಾಗದದ ಗರಿ ಕಿರೀಟ ಮಾಡಿಸುವುದೂ ಬೇಡ. ಗರಿ ಆ ಜನರಿಗೆ ಗೌರವದ ವಸ್ತು, ಆಟಿಕೆಯಲ್ಲ.

ಎಂಟು ವರ್ಷವಾದ ಮೇಲೆ ‘ಐ ಆಮ್ ನಾಟ್ ಎ ನಂಬರ್’ ಓದಿಸಿ. ಅದರ ಐರೀನ್‌ಗೆ ಶಾಲೆಯಲ್ಲಿ ಹೆಸರಿಲ್ಲ, 759 ಎಂಬ ಸಂಖ್ಯೆ ಮಾತ್ರ. ರಜೆಗೆ ಬಂದ ಮಕ್ಕಳನ್ನು ಅಪ್ಪ ಬಚ್ಚಿಡುತ್ತಾನೆ, ಮತ್ತೆ ಕಳಿಸುವುದಿಲ್ಲ.

ಅನುವಾದಿಸಿ ಅಚ್ಚು ಹಾಕಿ ಹಂಚುವುದಾದರೆ ಪ್ರಕಾಶಕರ ಅನುಮತಿ ಪಡೆಯಿರಿ. ಪುಸ್ತಕ ಮಡಿಲಲ್ಲಿಟ್ಟುಕೊಂಡು ಮಗಳಿಗೆ ಕನ್ನಡದಲ್ಲಿ ಹೇಳಲು ಯಾರನ್ನೂ ಕೇಳಬೇಕಿಲ್ಲ.