ಫೋಟೋಶಾಪ್ ಕಲಿತರೆ ಸಾಲದೇ, ದೃಶ್ಯ ಸಂವಹನದ ಇತಿಹಾಸ ಯಾಕೆ ಓದಬೇಕು?

ನೀವು ಕೇಳಿದ್ದು ಇಷ್ಟು: ಜಮಖಂಡಿಯಲ್ಲಿ ಪಿಯುಸಿ ಮುಗಿದಿದೆ, ದೃಶ್ಯ ಸಂವಹನದ (ಚಿತ್ರ, ಬಣ್ಣ, ಅಕ್ಷರಗಳ ಮೂಲಕ ವಿಷಯ ತಲುಪಿಸುವ ವಿದ್ಯೆ) ಕೋರ್ಸಿಗೆ ಸೇರುವ ಆಸೆ ಇದೆ, ಆದರೆ ಮೊದಲ ವರ್ಷದ ಪಾಠದಲ್ಲಿ ಬರೀ ಇತಿಹಾಸವೇ ತುಂಬಿದೆ. ಅದನ್ನು ಬಿಟ್ಟು ಫೋಟೋಶಾಪ್, ಕೋರೆಲ್‌ನಂಥ ಡಿಸೈನ್ ಸಾಫ್ಟ್‌ವೇರ್ ಕಲಿತು ನೇರವಾಗಿ ಕೆಲಸಕ್ಕೆ ಇಳಿದರೆ ಆಗದೇ ಅಂತ.

ಆಗುತ್ತದೆ. ನಾನೇ ಹಾಗೆ ಇಳಿದವನು. ವಿಜಯಪುರದಲ್ಲಿ ಬೋರ್ಡ್ ಬರೆಯುವ ಉಸ್ತಾದರೊಬ್ಬರ ಹಿಂದೆ ಬಣ್ಣದ ಡಬ್ಬಿ ಹಿಡಿದು ಓಡಾಡಿ ಕೆಲಸ ಕಲಿತೆ. ಈಗ ಫ್ಲೆಕ್ಸ್, ಲೇಬಲ್, ಮದುವೆ ಕಾರ್ಡು ಮಾಡುವ ಸಣ್ಣ ಅಂಗಡಿ ಇದೆ. ಕಾಲೇಜಿನ ಮೆಟ್ಟಿಲು ಹತ್ತಲಿಲ್ಲ. ಆದರೂ ಇತಿಹಾಸ ಬಿಡಬೇಡಿ ಅನ್ನುತ್ತೇನೆ, ಯಾಕಂದರೆ ಅದು ಗೊತ್ತಿಲ್ಲದೆ ದುಡ್ಡು ಕಳೆದುಕೊಂಡಿದ್ದೇನೆ.

ಒಮ್ಮೆ ಕೃಷಿ ಪ್ರದರ್ಶನದ ಮಳಿಗೆಗೆ ದೊಡ್ಡ ಫಲಕ ಮಾಡಿಕೊಟ್ಟೆ. ದ್ರಾಕ್ಷಿ ಇಳುವರಿ ಎರಡು ಪಟ್ಟಾಗಿದೆ ಎಂದು ತೋರಿಸಬೇಕಿತ್ತು. ಒಂದು ಅಡಿ ಎತ್ತರದ ಗೊನೆ ಬರೆದು, ಪಕ್ಕದಲ್ಲಿ ಎರಡು ಅಡಿ ಎತ್ತರದ ಗೊನೆ ಇಟ್ಟೆ. ಕೋರೆಲ್‌ನಲ್ಲಿ ಮೂಲೆ ಹಿಡಿದು ಎಳೆದರೆ ಮುಗಿಯಿತು, ಅಲ್ವಾ? ತೋಟದ ಯಜಮಾನರೊಬ್ಬರು ಮುಂದೆ ನಿಂತು ನೋಡಿದರು. "ಇದು ಎರಡ ಪಟ್ಟ ಎಲ್ಲೈತ್ರಿ? ನಾಕ ಪಟ್ಟ ಕಾಣತೈತಿ. ಸುಳ್ಳ ಹೇಳಾಕತ್ತೀರಿ" ಅಂದರು. ಗಿರಾಕಿ ನನ್ನ ಮುಖ ನೋಡಿದರು. ಬಿಲ್ಲಿನಲ್ಲಿ ಅರ್ಧ ಹೋಯಿತು.

ಯಜಮಾನರು ಹೇಳಿದ್ದು ಸರಿ. ಎತ್ತರದ ಜೊತೆ ಅಗಲವೂ ಎರಡು ಪಟ್ಟಾಗಿತ್ತು. ಕಣ್ಣು ಎತ್ತರ ಅಳೆಯುವುದಿಲ್ಲ, ತುಂಬಿದ ಜಾಗ ಅಳೆಯುತ್ತದೆ. ಎಷ್ಟೋ ವರ್ಷದ ಮೇಲೆ ಒಟ್ಟೊ ನ್ಯೂರಾತ್ ಎಂಬವರ ಬಗ್ಗೆ ಓದಿದೆ. 1925ರಲ್ಲಿ ವಿಯೆನ್ನಾದಲ್ಲಿ, ಸಾಮಾನ್ಯ ಜನರಿಗೆ ಊರಿನ, ದೇಶದ ಅಂಕಿಅಂಶ ಅರ್ಥವಾಗಲಿ ಅಂತ ಒಂದು ಮ್ಯೂಸಿಯಂ ಶುರು ಮಾಡಿದವರು. ಅವರ ನಿಯಮ ಬಹಳ ಸರಳ: ಜಾಸ್ತಿ ತೋರಿಸಬೇಕಾದರೆ ಚಿತ್ರವನ್ನು ದೊಡ್ಡದು ಮಾಡಬೇಡಿ, ಅದೇ ಅಳತೆಯ ಚಿತ್ರವನ್ನು ಇನ್ನೊಮ್ಮೆ ಇಡಿ. ಗೆರ್ಡ್ ಆರ್ನ್ಟ್ಸ್ ಎಂಬ ಕಲಾವಿದರು ಅದಕ್ಕಾಗಿ ಪುಟ್ಟ ಪುಟ್ಟ ಆಕೃತಿಗಳನ್ನು ಮಾಡಿಕೊಟ್ಟರು. ಮುಂದೆ ಆ ಪದ್ಧತಿಗೆ ಐಸೋಟೈಪ್ ಎಂಬ ಹೆಸರು ಬಂತು. ನಾನು ಒಂದು ಗೊನೆ, ಪಕ್ಕದಲ್ಲಿ ಅಂಥವೇ ಎರಡು ಗೊನೆ ಇಟ್ಟಿದ್ದರೆ ಸಾಕಿತ್ತು. ಇದು ಯಾವ ಸಾಫ್ಟ್‌ವೇರ್ ಕ್ಲಾಸಿನಲ್ಲೂ ಹೇಳಿಕೊಡುವುದಿಲ್ಲ.

ನಮ್ಮ ದೇಶದ ಉದಾಹರಣೆ ಬೇಕಾದರೆ ಚುನಾವಣೆ ಚಿಹ್ನೆ ನೋಡಿ. 1951ರ ಜನಗಣತಿಯಲ್ಲಿ ಓದುಬರಹ ಬಲ್ಲವರು ನೂರಕ್ಕೆ ಸುಮಾರು 18 ಜನ. 1951-52ರ ಮೊದಲ ಸಾರ್ವತ್ರಿಕ ಚುನಾವಣೆಯಲ್ಲಿ ಪ್ರತಿ ಅಭ್ಯರ್ಥಿಗೂ ಬೇರೆ ಬೇರೆ ಪೆಟ್ಟಿಗೆ, ಪೆಟ್ಟಿಗೆಯ ಮೇಲೆ ಅವರ ಚಿಹ್ನೆ. ಚೀಟಿಯ ಮೇಲೆ ಗುರುತು ಹಾಕುವ ಗೋಜೇ ಇಲ್ಲ, ಬೇಕಾದ ಪೆಟ್ಟಿಗೆಗೆ ಹಾಕಿದರಾಯಿತು. ಜೋಡೆತ್ತು, ಗುಡಿಸಲು, ದೀಪ, ತೆನೆ-ಕುಡುಗೋಲು. ಎಲ್ಲವೂ ಮನೆಯಲ್ಲಿ, ಹೊಲದಲ್ಲಿ ದಿನಾ ಕಾಣುವ ವಸ್ತುಗಳು. ಈಗಿನ ಲೋಗೋಗಳಲ್ಲಿ ನಾಲ್ಕು ಬಣ್ಣ ಬೆರೆಸಿ ಹೊಳಪು ಕೊಡುತ್ತಾರಲ್ಲ, ಅವನ್ನು ಒಮ್ಮೆ ಕಪ್ಪು-ಬಿಳುಪು ಜೆರಾಕ್ಸ್ ತೆಗೆದು ನೋಡಿ. ಎಷ್ಟು ಉಳಿಯುತ್ತವೆ?

ಗೊತ್ತಿರುವ ವಸ್ತು ಬರೆದ ಮಾತ್ರಕ್ಕೆ ಕೆಲಸ ಮುಗಿಯುವುದಿಲ್ಲ. ಕೀಟನಾಶಕದ ಬಾಟಲಿ ಕೈಗೆ ತೆಗೆದುಕೊಳ್ಳಿ. ಲೇಬಲ್ಲಿನಲ್ಲಿ ಒಂದು ಚೌಕ ಮೂಲೆಯ ಮೇಲೆ ನಿಂತಿರುತ್ತದೆ. ಅದರ ಕೆಳಗಿನ ಅರ್ಧಕ್ಕೆ ಒಂದು ಬಣ್ಣ. ಕೆಂಪು ಅಂದರೆ ಅತಿ ಹೆಚ್ಚು ವಿಷ, ಆಮೇಲೆ ಹಳದಿ, ನೀಲಿ, ಕೊನೆಗೆ ಹಸಿರು. ಹಸಿರೂ ವಿಷವೇ, ಸ್ವಲ್ಪ ಕಡಿಮೆ ಅಷ್ಟೆ. ತಿಕೋಟಾ ಕಡೆ ತೋಟ ಇರುವ ಗೆಳೆಯನೊಬ್ಬ ಬೆಳೆಗೆ ಕೀಟನಾಶಕ ಹೊಡೆಯಲು ಹೊರಟಿದ್ದ. ಈ ಬಣ್ಣ ಏನು ಹೇಳುತ್ತದೆ ಅಂತ ಕೇಳಿದೆ. "ಕೆಂಪ ಅಂದ್ರ ಹುಳಕ್ಕ ಜೋರ್ ಬಡಿತೈತಿ. ಹಸರ ಅಂದ್ರ ಬೆಳಿಗಿ ಚಲೋ" ಅಂದ.

ಒಂದೇ ಬಣ್ಣ, ಮಾಡಿದವರಿಗೆ ಅದು ಅಪಾಯ, ಕೊಳ್ಳುವವನಿಗೆ ಅದು ತಾಕತ್ತು. ಆ ಬಣ್ಣಕ್ಕೂ ಹುಳ ಸಾಯುವುದಕ್ಕೂ ಸಂಬಂಧವೇ ಇಲ್ಲ. ಎಷ್ಟು ಪ್ರಮಾಣ ಒಳಗೆ ಹೋದರೆ ಇಲಿಯಂಥ ಪ್ರಾಣಿಗಳಲ್ಲಿ ಅರ್ಧದಷ್ಟು ಸಾಯುತ್ತವೆ ಎಂಬ ಪರೀಕ್ಷೆಯ ಮೇಲೆ ಆ ವರ್ಗ ಮಾಡಿದ್ದಾರೆ. ಅಂದರೆ ಅದು ಪಂಪು ಬೆನ್ನಿಗೆ ಹಾಕಿಕೊಂಡವನ ಜೀವದ ಲೆಕ್ಕ. ಆಮೇಲೆ ಕೀಟನಾಶಕದ ಅಂಗಡಿಯವರೊಬ್ಬರಿಗೆ ಬೋರ್ಡ್ ಮಾಡುವಾಗ ನಾಲ್ಕೂ ಬಣ್ಣ ಸಾಲಾಗಿ ಇಟ್ಟು, ಕೆಳಗೆ ದಪ್ಪಕ್ಷರದಲ್ಲಿ ಒಂದೇ ಸಾಲು ಬರೆದೆ: "ಈ ಬಣ್ಣ ಹುಳಕ್ಕಲ್ಲ, ಹೊಡೆಯುವವರಿಗೆ." ಚಿತ್ರ ಕೈಕೊಟ್ಟ ಕಡೆ ಮಾತು ಬಳಸಲು ನಾಚಿಕೆ ಬೇಡ. "ಒಂದು ಚಿತ್ರ ಸಾವಿರ ಮಾತಿಗೆ ಸಮ" ಅಂತ ಯಾರಾದರೂ ಹೇಳಿದರೆ ಈ ಬಾಟಲಿ ತೋರಿಸಿ.

ಇನ್ನು ಅಕ್ಷರ. ಇದು ನನ್ನ ಇಷ್ಟದ ವಿಷಯ, ಸ್ವಲ್ಪ ಉದ್ದವಾದರೆ ಬೇಜಾರಾಗಬೇಡಿ.

2014ರ ನವೆಂಬರ್ 1ರಂದು ಬಿಜಾಪುರ ಹೋಗಿ ವಿಜಯಪುರ ಆಯಿತು. ಬೋರ್ಡ್ ಬದಲಿಸುವ ಕೆಲಸ ಸಾಕಷ್ಟು ಬಂತು. ಒಬ್ಬ ಗಿರಾಕಿ ಜುಗ್ಗ. ತಗಡಿನ ಬೋರ್ಡ್ ಪೂರ್ತಿ ಬರೆಸಲಾರೆ, ಊರಿನ ಹೆಸರಷ್ಟೇ ತಿದ್ದಿಕೊಡು ಅಂದ. "ಪುರ" ಹಾಗೇ ಇರಲಿ ಅಂತ ಬಿಟ್ಟೆ. "ಬಿಜಾ" ಇದ್ದ ಜಾಗದಲ್ಲಿ "ವಿಜಯ" ಕೂರಿಸಬೇಕು, ಎರಡು ಅಕ್ಷರದ ಜಾಗಕ್ಕೆ ಮೂರು. ಹೇಗೋ ತುರುಕಿದೆ. ಹತ್ತಿರದಿಂದ ಚೆನ್ನಾಗೇ ಇತ್ತು. ನಮ್ಮ ಉಸ್ತಾದರಿಗೆ ಆಗ ಕೈ ನಡುಗುತ್ತಿತ್ತು, ಬರೆಯುವುದು ಬಿಟ್ಟಿದ್ದರು, ಚಹಾಕ್ಕೆ ಮಾತ್ರ ಬರುತ್ತಿದ್ದರು. "ತಮ್ಮಾ, ರಸ್ತಾ ದಾಟಿ ಆಚೀಗಿ ನಿಂತ ನೋಡು" ಅಂದರು. ಆಚೆಯಿಂದ "ವಿಜಯ" ಒಂದು ಕಪ್ಪು ಮುದ್ದೆ, "ಪುರ" ಬೇರೆ ಊರಿನ ಹೆಸರಿನ ಹಾಗೆ ದೂರ. ಟರ್ಪೆಂಟೈನ್ ಹಾಕಿ ಒರೆಸಿ, "ಪುರ"ವನ್ನೂ ಅಳಿಸಿ, ಐದೂ ಅಕ್ಷರ ಹೊಸದಾಗಿ ಬರೆದೆ. ಅದರ ದುಡ್ಡು ಕೇಳಲು ಬಾಯಿ ಬರಲಿಲ್ಲ.

ಆ ಸಂಜೆ ಉಸ್ತಾದರು ಇಬ್ರಾಹಿಂ ರೋಜಾಕ್ಕೆ ಕರೆದುಕೊಂಡು ಹೋದರು. ಎರಡನೇ ಇಬ್ರಾಹಿಂ ಆದಿಲ್‌ಶಾಹನ ಗೋರಿ, 17ನೇ ಶತಮಾನದ ಮೊದಲ ಭಾಗದ್ದು. ಅದರ ಕಿಟಕಿಗಳಲ್ಲಿ ಸಾಮಾನ್ಯ ಜಾಲಿ ಇಲ್ಲ. ಕಲ್ಲಿನಲ್ಲಿ ಅರಬ್ಬಿ ಅಕ್ಷರಗಳನ್ನೇ ಹೆಣೆದಂತೆ ಕೊರೆದಿದ್ದಾರೆ, ಅಕ್ಷರಗಳ ಸಂದಿಯಿಂದ ಬೆಳಕು ಒಳಗೆ ಬರುತ್ತದೆ. ಅಕ್ಷರವೇ ಕಲ್ಲನ್ನು ಹಿಡಿದು ನಿಲ್ಲಿಸಿದೆ. "ಅಕ್ಷರ ನೋಡಬ್ಯಾಡ, ತೂತು ನೋಡು" ಅಂದರು. ನನಗೆ ಅರಬ್ಬಿ ಓದಲು ಬರುವುದಿಲ್ಲ. ಅದಕ್ಕೇ ಇರಬೇಕು, ತೂತು ಬೇಗ ಕಂಡವು. ಬೋರ್ಡಿನಲ್ಲಿ ನಾನು ಕೆಡಿಸಿದ್ದೂ ಅದನ್ನೇ, ಅಕ್ಷರಗಳ ನಡುವಿನ ಖಾಲಿ ಜಾಗ.

ಕಂಪ್ಯೂಟರಿನಲ್ಲೂ ಇದೇ ತಾಪತ್ರಯ. ಸಾಲುಗಳ ನಡುವಿನ ಅಂತರ ಇಂಗ್ಲಿಷಿಗೆ ಸರಿ ಹೋಗುವ ಹಾಗೆ ಮೊದಲೇ ಕೂತಿರುತ್ತದೆ. ಇಂಗ್ಲಿಷಿನಲ್ಲಿ ಒತ್ತಕ್ಷರ ಇಲ್ಲ. ಮೇಲಿನ ಸಾಲಿನಲ್ಲಿ "ವಸ್ತ್ರ", ಕೆಳಗೆ "ಮಳಿಗೆ" ಬರೆದು ನೋಡಿ. ಮೇಲಿನ ಒತ್ತು ಬಂದು ಕೆಳಗಿನ "ಳಿ"ಯ ತಲೆಯ ಮೇಲೆ ಕೂರುತ್ತದೆ. ಬೇರೆ ಊರಲ್ಲಿ ಡಿಸೈನ್ ಆಗಿ ಬರುವ ದೊಡ್ಡ ಕಂಪನಿಗಳ ಕನ್ನಡ ಜಾಹೀರಾತುಗಳಲ್ಲೂ ಈ ತಪ್ಪು ದಿನಾ ಕಾಣುತ್ತೇನೆ. ಬೆಳಗಾವಿ ಕಡೆ ಕನ್ನಡ, ಮರಾಠಿ, ಇಂಗ್ಲಿಷ್ ಮೂರೂ ಇರುವ ಬೋರ್ಡ್ ಬಂದರೆ ಇನ್ನೂ ತಲೆನೋವು. ಮರಾಠಿಗೆ ಮೇಲೊಂದು ಗೆರೆ, ಕನ್ನಡ ದುಂಡು, ಇಂಗ್ಲಿಷ್ ಕಂಬ ನೆಟ್ಟ ಹಾಗೆ. ಮೂರಕ್ಕೂ ಒಂದೇ ಅಳತೆ ಕೊಟ್ಟರೆ ಮೂರೂ ಬೇರೆ ಬೇರೆ ಗಾತ್ರ ಕಾಣುತ್ತವೆ. ಕಣ್ಣಳತೆಯಲ್ಲೇ ಸರಿಮಾಡಬೇಕು.

ಗುಹಾಚಿತ್ರ, ಅಚ್ಚಿನ ಯಂತ್ರದ ಗುಟೆನ್‌ಬರ್ಗ್ ಅಂತ ಶುರುವಾಗುವ ಪಾಠವನ್ನು ಪರೀಕ್ಷೆಗೆ ಓದಿಕೊಂಡರೆ ಸಾಕು. ಆದರೆ ನಿಮ್ಮ ಜಿಲ್ಲೆಯಲ್ಲೇ ಪಟ್ಟದಕಲ್ಲು ಇದೆ. ವಿರೂಪಾಕ್ಷ ಗುಡಿಯ ಕಂಬಗಳಲ್ಲಿ ರಾಮಾಯಣ, ಮಹಾಭಾರತದ ಕಥೆಯನ್ನು ಪಟ್ಟಿ ಪಟ್ಟಿಯಾಗಿ ಕೆತ್ತಿದ್ದಾರೆ, 8ನೇ ಶತಮಾನದ ಕೆಲಸ. ಒಂದು ಪ್ರಸಂಗ ಎಲ್ಲಿ ಮುಗಿದು ಇನ್ನೊಂದು ಎಲ್ಲಿ ಶುರುವಾಗುತ್ತದೆ ಅಂತ ಬೆರಳಿಟ್ಟು ಹುಡುಕಿ. ಸುಮ್ನೆ ಫೋಟೋ ತೆಗೆದುಕೊಂಡು ಬರಬೇಡಿ, ಪೆನ್ಸಿಲ್ ಒಯ್ಯಿರಿ.

ಕೋರ್ಸಿಗೆ ಸೇರಿ. ಜೊತೆಗೆ ರಜೆಯಲ್ಲಿ ಯಾವುದಾದರೂ ಫ್ಲೆಕ್ಸ್ ಅಂಗಡಿಯಲ್ಲಿ ಕೂರಿ, ಫೋಟೋಶಾಪ್ ಮೂರು ತಿಂಗಳಲ್ಲಿ ಕೈಗೆ ಬರುತ್ತದೆ. ವಿಜಯಪುರಕ್ಕೆ ಬಂದರೆ ಎಲ್ಲರೂ ಗೋಳಗುಮ್ಮಟಕ್ಕೆ ಹೋಗಿ ಕೂಗಿ ಬರುತ್ತಾರೆ. ನೀವೂ ಕೂಗಿ. ಆದರೆ ಅದಕ್ಕೆ ಮೊದಲು ರೋಜಾದ ಬಾಗಿಲು ತೆರೆಯುವ ಹೊತ್ತಿಗೇ ಅಲ್ಲಿರಿ. ಜನ ಕಡಿಮೆ, ಬಿಸಿಲು ಓರೆಯಾಗಿ ಬೀಳುತ್ತಿರುತ್ತದೆ.